ಬೇಸ್‌ಬಾಲ್ ಮೈದಾನದ ಸ್ಕೋರ್‌ಕಾರ್ಡು ಮತ್ತು ನಮ್ಮ ಶಾಲೆಯ ಶೀಲ್ಡು

(ಸುವರ್ಣ ಮಹೋತ್ಸವದ ಎರಡನೆಯ ದಿನ ಹಳೆಯ ವಿದ್ಯಾರ್ಥಿಗಳ ಗೋಷ್ಠಿಯಲ್ಲಿ ಆಡಿದ ಮಾತುಗಳ ಬರಹ ರೂಪ)



ಸಮಿತಿಯವರು ಫೋನ್ ಮಾಡಿ, "ನೀವು ಅಮೆರಿಕದ ಬಗ್ಗೆ ಇಪ್ಪತ್ತು ನಿಮಿಷ ಮಾತಾಡಬೇಕು" ಎಂದರು. ಮೂವತ್ತು ವರ್ಷ ಅಲ್ಲಿದ್ದರೂ ಅಷ್ಟು ದೊಡ್ಡ ದೇಶವನ್ನು ಇಪ್ಪತ್ತು ನಿಮಿಷದಲ್ಲಿ ಹೇಳುವ ಶಕ್ತಿ ನನಗಿಲ್ಲ. ನಾನು ಆಸ್ಪತ್ರೆಯ ಲ್ಯಾಬಿನಲ್ಲಿ ರಕ್ತ ಪರೀಕ್ಷೆ ಮಾಡುವವಳು. ದೊಡ್ಡದನ್ನು ಬಿಟ್ಟು ಒಂದು ತೊಟ್ಟನ್ನು ನೋಡುವುದು ನಮ್ಮ ಕಸುಬು. ಹಾಗಾಗಿ ಒಂದು ಸಣ್ಣ ಕಾಗದದ ಬಗ್ಗೆ ಮಾತಾಡುತ್ತೇನೆ. ಅಲ್ಲಿ ಬೇಸ್‌ಬಾಲ್ ಆಟ ನೋಡಲು ಹೋದವರು ಗೇಟಿನಲ್ಲಿ ಕಾಸು ಕೊಟ್ಟು ಕೊಳ್ಳುವ ಕಾಗದ ಅದು. ಅದನ್ನು ಪ್ರೋಗ್ರಾಂ ಅಂತಲೂ ಸ್ಕೋರ್‌ಕಾರ್ಡ್ ಅಂತಲೂ ಕರೆಯುತ್ತಾರೆ. ಈ ಕಾಗದಕ್ಕೂ ನಮ್ಮ ಶಾಲೆಗೂ ಏನು ಸಂಬಂಧ ಎಂದು ಹಿಂದಿನ ಸಾಲಿನಲ್ಲಿ ಯಾರೋ ಗೊಣಗಿದ್ದು ಕೇಳಿಸಿತು. ಸಂಬಂಧ ಇದೆ. ಸ್ವಲ್ಪ ತಾಳ್ಮೆ ಇರಲಿ.

ಬೇಸ್‌ಬಾಲ್ ಅಂದರೆ ಏನು ಅಂತ ಮಕ್ಕಳಿಗೆ ಎರಡು ಮಾತಿನಲ್ಲಿ ಹೇಳಿಬಿಡುತ್ತೇನೆ. ಕ್ರಿಕೆಟ್ಟಿನ ದಾಯಾದಿ ಅಂದುಕೊಳ್ಳಿ. ಒಂದು ಕಡೆಗೆ ಒಂಬತ್ತು ಜನ. ಬೌಲರಿನ ಜಾಗದಲ್ಲಿ ಪಿಚರ್ ಇರುತ್ತಾನೆ, ಚೆಂಡು ನೆಲಕ್ಕೆ ಬೀಳದೆ ನೇರ ಬರುತ್ತದೆ. ಹೊಡೆದವನು ನಾಲ್ಕು ಮೂಲೆಯ ಒಂದು ಚೌಕ ಸುತ್ತಿ ಹೊರಟ ಜಾಗಕ್ಕೇ ಬಂದರೆ ಒಂದು ರನ್. ಮೂರು ಜನ ಔಟಾದರೆ ಎದುರಿನವರ ಸರದಿ. ಹೀಗೆ ಒಂಬತ್ತು ಇನ್ನಿಂಗ್ಸ್. ಇಷ್ಟು ಗೊತ್ತಿದ್ದರೆ ಇವತ್ತಿನ ಮಾತಿಗೆ ಸಾಕು.

ನಾನಿರುವುದು ಶಿಕಾಗೊ ಹತ್ತಿರ. ಅಲ್ಲಿ ರಿಗ್ಲಿ ಫೀಲ್ಡ್ ಎಂಬ ಮೈದಾನವಿದೆ, 1914ರಲ್ಲಿ ಕಟ್ಟಿದ್ದು. ನೀವು ಅಗಿಯುವ ಚ್ಯೂಯಿಂಗ್ ಗಮ್ ಕಂಪನಿಯ ರಿಗ್ಲಿ ಅವರ ಹೆಸರೇ ಅದಕ್ಕೆ. ಕಬ್ಸ್ ಎಂಬ ತಂಡ ಅಲ್ಲಿ ಆಡುತ್ತದೆ. ಹೊರಗಿನ ಗೋಡೆಗೆ 1937ರಲ್ಲಿ ಹಬ್ಬಿಸಿದ ಬಳ್ಳಿ ಇವತ್ತಿಗೂ ಹಸಿರಾಗಿದೆ. ಅದೇ ವರ್ಷ ನಿಲ್ಲಿಸಿದ ದೊಡ್ಡ ಸ್ಕೋರ್ ಬೋರ್ಡಿನ ಒಳಗೆ ಈಗಲೂ ಮನುಷ್ಯರು ಕೂತು ಕೈಯಿಂದ ಅಂಕಿಯ ಹಲಗೆ ಬದಲಿಸುತ್ತಾರೆ. ರಾತ್ರಿ ಆಟಕ್ಕೆ ದೀಪ ಹಾಕಿದ್ದೇ 1988ರಲ್ಲಿ. ಅಲ್ಲಿಯವರೆಗೆ ನಮ್ಮ ತಾಲ್ಲೂಕು ಕ್ರೀಡಾಕೂಟದ ಹಾಗೆ ಎಲ್ಲವೂ ಬಿಸಿಲಿನಲ್ಲೇ.

ಆ ಮೈದಾನದ ಬಾಗಿಲಲ್ಲಿ ಮಾರುವವರು ಕೂಗುತ್ತಿರುತ್ತಾರೆ, ನಮ್ಮ ಸಂತೆಯ ಕೂಗಿನ ಹಾಗೆಯೇ. ಕೊಳ್ಳುವುದಕ್ಕೆ ಎರಡು ಬಗೆ. ಒಂದು, ಬಣ್ಣದ ಪುಟಗಳ ಪುಸ್ತಕ: ಆಟಗಾರರ ಚಿತ್ರ, ಲೇಖನ, ಜಾಹೀರಾತು, ನಡುವೆ ಸ್ಕೋರ್ ಬರೆಯುವ ಹಾಳೆ. ಇನ್ನೊಂದು, ಬರೀ ದಪ್ಪ ಕಾಗದದ ಮಡಿಸಿದ ಕಾರ್ಡು, ಜೊತೆಗೆ ಒಂದು ಗಿಡ್ಡ ಪೆನ್ಸಿಲ್. ರಸ್ತೆಯ ಆಚೆ ಬದಿಯಲ್ಲಿ ಕ್ಲಬ್ಬಿಗೆ ಸೇರದ ಖಾಸಗಿಯವರು ಇನ್ನೂ ಅಗ್ಗದ ಪತ್ರಿಕೆ ಮಾರುತ್ತಾರೆ. ಶಿಕಾಗೊದಲ್ಲಿ ಇಂಥ ಒಂದು ಪತ್ರಿಕೆಯವರಿಗೂ ನಗರಾಡಳಿತಕ್ಕೂ, ಮೈದಾನದ ಪಕ್ಕದ ಕಾಲುದಾರಿಯಲ್ಲಿ ನಿಂತು ಮಾರುವ ಹಕ್ಕಿನ ಬಗ್ಗೆ ವ್ಯಾಜ್ಯವಾಗಿ, ಅದು ಫೆಡರಲ್ ಮೇಲ್ಮನವಿ ನ್ಯಾಯಾಲಯದವರೆಗೂ ಹೋಯಿತು. ಒಂದು ಕಾಗದಕ್ಕಾಗಿ ಅಷ್ಟು ದೂರ ಹೋಗುವವರು ಇದ್ದಾರೆ ಅಂದರೆ ಅದರಲ್ಲಿ ಏನೋ ಇರಬೇಕಲ್ಲ!

ನಮ್ಮ ಕಾಲದವರಿಗೆ ಇದು ಹೊಸದಲ್ಲ. ಟೆಂಟ್ ಸಿನಿಮಾದ ಹೊರಗೆ ಹಾಡಿನ ಪುಸ್ತಕ ಮಾರುತ್ತಿದ್ದರು, ನೆನಪಿದೆಯೇ? ತೆಳು ಬಣ್ಣದ ಕಾಗದ, ಮೇಲೆ ನಾಯಕ ನಾಯಕಿಯ ಚಿತ್ರ, ಒಳಗೆ ಅರ್ಧ ಕಥೆ ಹೇಳಿ "ಮುಂದಿನದನ್ನು ಬೆಳ್ಳಿತೆರೆಯ ಮೇಲೆ ನೋಡಿ ಆನಂದಿಸಿ" ಅಂತ ಇರುತ್ತಿತ್ತು. ನಾಲ್ಕಾಣೆಗೋ ಎಂಟಾಣೆಗೋ ತಂದು, ಹಾಡು ಬಾಯಿಪಾಠ ಆಗುವವರೆಗೆ ಓದಿ, ಟ್ರಂಕಿನಲ್ಲಿ ಬಟ್ಟೆಯ ಅಡಿಗೆ ಇಡುತ್ತಿದ್ದೆವು. ಆದರೆ ಹಾಡಿನ ಪುಸ್ತಕದಲ್ಲಿ ಎಲ್ಲವೂ ಅಚ್ಚಾಗಿಯೇ ಬರುತ್ತಿತ್ತು. ಬೇಸ್‌ಬಾಲಿನ ಕಾರ್ಡಿನಲ್ಲಿ ಅಚ್ಚಾಗಿರುವುದು ಅರ್ಧ ಮಾತ್ರ. ಉಳಿದರ್ಧ ಖಾಲಿ ಚೌಕಗಳು. ಅವನ್ನು ಕೊಂಡವರೇ ತುಂಬಬೇಕು.

ಈ ಕಾಗದದ ವ್ಯಾಪಾರ ದೊಡ್ಡದು ಮಾಡಿದವನ ಕಥೆ ಚೆನ್ನಾಗಿದೆ. ಹ್ಯಾರಿ ಸ್ಟೀವನ್ಸ್ ಅಂತ ಅವನ ಹೆಸರು. ಇಂಗ್ಲೆಂಡಿನಿಂದ ಅಮೆರಿಕಕ್ಕೆ ವಲಸೆ ಬಂದವನು. ಓಹಾಯೋ ರಾಜ್ಯದಲ್ಲಿ ಉಕ್ಕಿನ ಕಾರ್ಖಾನೆಯಲ್ಲಿ ದುಡಿದ, ಮನೆ ಮನೆಗೆ ಹೋಗಿ ಪುಸ್ತಕ ಮಾರಿದ. 1887ರಲ್ಲಿ ಕೊಲಂಬಸ್ ಎಂಬ ಊರಿನಲ್ಲಿ ಆಟ ನೋಡಲು ಹೋದಾಗ ಅಲ್ಲಿ ಮಾರುತ್ತಿದ್ದ ಕಾರ್ಡು ನೋಡಿ ಅವನಿಗೆ ಯಾರು ಯಾರೆಂದು ತಿಳಿಯಲೇ ಇಲ್ಲವಂತೆ. ಇದಕ್ಕಿಂತ ಚೆನ್ನಾಗಿ ನಾನೇ ಮಾಡಬಲ್ಲೆ ಎಂದು ಮಾರುವ ಹಕ್ಕನ್ನು ಕೊಂಡ, ಜಾಹೀರಾತು ಹಿಡಿದ, ಕೂಗಿ ಕೂಗಿ ಮಾರಿದ. ಕೆಲವು ವರ್ಷಗಳಲ್ಲಿ ನ್ಯೂಯಾರ್ಕಿನ ಮೈದಾನಗಳಿಗೆ ಹೋದ. ಕಾರ್ಡಿನ ಜೊತೆ ತಿಂಡಿ ಪಾನೀಯವೂ ಸೇರಿತು. ಅವನ ಮನೆತನದ ಕಂಪನಿ 1994ರವರೆಗೂ ನಡೆಯಿತು. "ಕಾರ್ಡಿಲ್ಲದೆ ಆಟಗಾರರ ಗುರುತು ಹತ್ತುವುದಿಲ್ಲ" ಎಂದು ಕೂಗುತ್ತಿದ್ದವನು ಅವನೇ ಅಂತ ಹೇಳುತ್ತಾರೆ. ಆ ಕೂಗು ಈಗ ಇಂಗ್ಲಿಷಿನಲ್ಲಿ ಗಾದೆಯೇ ಆಗಿಬಿಟ್ಟಿದೆ.

ಅವನ ಕೂಗಿನಲ್ಲಿ ಸತ್ಯವಿತ್ತು. ಆಗ ಆಟಗಾರರ ಬೆನ್ನ ಮೇಲೆ ಸಂಖ್ಯೆಯೂ ಇರಲಿಲ್ಲ, ಹೆಸರೂ ಇರಲಿಲ್ಲ. 1929ರಲ್ಲಿ ನ್ಯೂಯಾರ್ಕ್ ಯಾಂಕೀಸ್ ತಂಡ ಬ್ಯಾಟಿಂಗ್ ಸರದಿಯಂತೆ ಬೆನ್ನಿಗೆ ಸಂಖ್ಯೆ ಹಾಕಿತು. ಮೂರನೆಯವನಾಗಿ ಬರುತ್ತಿದ್ದ ಬೇಬ್ ರೂತ್‌ಗೆ 3, ಅವನ ಹಿಂದಿನ ಲೂ ಗೆರಿಗ್‌ಗೆ 4. ಸಂಖ್ಯೆ ಬಂದರೂ ಅದು ಯಾರದೆಂದು ತಿಳಿಯಲು ಕಾರ್ಡೇ ಬೇಕಾಗಿತ್ತು. ಬೆನ್ನಿನ ಮೇಲೆ ಹೆಸರನ್ನು ಮೊದಲು ಹಾಕಿಸಿದ್ದು ನಮ್ಮ ಶಿಕಾಗೊದ ಇನ್ನೊಂದು ತಂಡ ವೈಟ್ ಸಾಕ್ಸ್, 1960ರಲ್ಲಿ. ಹೆಸರು ಬಂದರೆ ಪ್ರೋಗ್ರಾಂ ಯಾರು ಕೊಳ್ಳುತ್ತಾರೆ ಎಂಬ ಭಯ ಮಾಲೀಕರಿಗೆ ಇರುತ್ತಿತ್ತು. ಟೊರಾಂಟೊದ ಐಸ್ ಹಾಕಿ ತಂಡದ ಮಾಲೀಕ 1978ರಲ್ಲಿ ಏನು ಮಾಡಿದ ಗೊತ್ತೇ? ಹೆಸರು ಹಾಕಲೇಬೇಕು ಎಂದು ಲೀಗಿನವರು ಹಟ ಹಿಡಿದಾಗ, ನೀಲಿ ಅಂಗಿಯ ಮೇಲೆ ನೀಲಿ ಅಕ್ಷರದಲ್ಲೇ ಹಾಕಿಸಿಬಿಟ್ಟ! ಯಾರಿಗೂ ಓದಲಾಗಲಿಲ್ಲ. ನಮ್ಮೂರಿನ ಕೆಲವು ವ್ಯಾಪಾರಿಗಳು ನೆನಪಾದರೆ ನಾನು ಜವಾಬ್ದಾರಳಲ್ಲ.

ಈಗ ಆ ಖಾಲಿ ಚೌಕಗಳ ವಿಷಯಕ್ಕೆ ಬರುತ್ತೇನೆ. ಎಡಗಡೆ ಆಟಗಾರರ ಹೆಸರಿನ ಪಟ್ಟಿ. ಮೇಲೆ 1ರಿಂದ 9ರವರೆಗೆ ಇನ್ನಿಂಗ್ಸ್. ಪ್ರತಿಯೊಬ್ಬನ ಪ್ರತಿ ಸರದಿಗೆ ಒಂದು ಚೌಕ. ನಿಲ್ಲುವ ಜಾಗಕ್ಕೂ ಒಂದೊಂದು ಅಂಕಿ: ಪಿಚರ್ 1, ಅವನ ಚೆಂಡು ಹಿಡಿಯುವ ಕ್ಯಾಚರ್ 2, ಮೊದಲ ಬೇಸಿನವನು 3, ಎರಡನೆಯ ಬೇಸಿಗೆ 4, ಮೂರನೆಯದಕ್ಕೆ 5, ಎರಡು ಮೂರರ ನಡುವೆ ನಿಲ್ಲುವವನು 6, ದೂರದಲ್ಲಿ ಎಡಕ್ಕೆ 7, ನಡುವೆ 8, ಬಲಕ್ಕೆ 9. ಹೊಡೆದ ಚೆಂಡು ನೆಲದಲ್ಲಿ ಉರುಳಿ 6ರವನ ಕೈಗೆ ಸಿಕ್ಕಿ, ಅವನು 3ಕ್ಕೆ ಎಸೆದು ಔಟ್ ಮಾಡಿದರೆ ಚೌಕದಲ್ಲಿ 6-3 ಎಂದು ಬರೆಯಬೇಕು. ಪಿಚರನೇ ಮೂರು ಸ್ಟ್ರೈಕಿನಲ್ಲಿ ಔಟ್ ಮಾಡಿದರೆ ಕೆ ಎಂಬ ಇಂಗ್ಲಿಷ್ ಅಕ್ಷರ. ಬ್ಯಾಟ್ ಬೀಸದೆ ನೋಡುತ್ತ ನಿಂತು ಔಟಾದರೆ ಅದೇ ಅಕ್ಷರ ತಿರುಗುಮುರುಗಾಗಿ. ಹೀಗೆ ಬರೆದಿಟ್ಟರೆ ಐವತ್ತು ವರ್ಷ ಬಿಟ್ಟು ಯಾರೇ ಆ ಕಾಗದ ತೆಗೆದರೂ ಇಡೀ ಆಟವನ್ನು ಒಂದೊಂದು ಸರದಿಯಾಗಿ ಓದಬಹುದು.

ಈ ಬರವಣಿಗೆಗೆ ಅಡಿಪಾಯ ಹಾಕಿದವನು ಹೆನ್ರಿ ಚಾಡ್ವಿಕ್. 1824ರಲ್ಲಿ ಇಂಗ್ಲೆಂಡಿನಲ್ಲಿ ಹುಟ್ಟಿ, ಹುಡುಗನಾಗಿದ್ದಾಗಲೇ ನ್ಯೂಯಾರ್ಕಿನ ಬ್ರೂಕ್ಲಿನ್‌ಗೆ ಬಂದವನು. ಮೊದಲು ಪತ್ರಿಕೆಗಳಿಗೆ ಕ್ರಿಕೆಟ್ ವರದಿ ಬರೆಯುತ್ತಿದ್ದ. ಕ್ರಿಕೆಟ್ಟಿನ ಸ್ಕೋರ್ ಪುಸ್ತಕ ನೋಡಿದ್ದ ಕಣ್ಣು ಅದು. ಅದೇ ಶಿಸ್ತನ್ನು ಬೇಸ್‌ಬಾಲಿಗೆ ತಂದ. ಕೆ ಅಕ್ಷರವೂ ಅವನದೇ. ಎಸ್ ಅಕ್ಷರ ಬೇರೆಯದಕ್ಕೆ ಬಳಕೆಯಾಗಿತ್ತು, ಆದ್ದರಿಂದ ಸ್ಟ್ರಕ್ ಎಂಬ ಪದದ ಕೊನೆಯ ಅಕ್ಷರವನ್ನು ಆರಿಸಿದ. ನಮ್ಮ ಹುಡುಗರು ನೋಟ್‌ಬುಕ್ಕಿನ ಹಿಂದಿನ ಹಾಳೆಯಲ್ಲಿ ಚುಕ್ಕೆ ಇಟ್ಟು ಓವರ್ ಬರೆಯುತ್ತಾರಲ್ಲ, ಅದಕ್ಕೂ ಅಮೆರಿಕದ ಈ ಕಾರ್ಡಿಗೂ ಅಜ್ಜ ಒಬ್ಬನೇ.

ನನಗೆ ಇದನ್ನು ಕಲಿಸಿದವರು ಒಬ್ಬ ಹಿರಿಯ ಹೆಂಗಸು. 1999ರ ಬೇಸಿಗೆ. ನಮ್ಮ ಲ್ಯಾಬಿನವರೆಲ್ಲ ಸೇರಿ ಒಂದು ಮಧ್ಯಾಹ್ನ ರಿಗ್ಲಿ ಫೀಲ್ಡಿಗೆ ಹೋಗಿದ್ದೆವು. ನನಗೆ ಆಟದ ತಲೆಬುಡ ಗೊತ್ತಿರಲಿಲ್ಲ. ಪಕ್ಕದ ಸೀಟಿನಲ್ಲಿ ಎಪ್ಪತ್ತು ದಾಟಿದ ಒಬ್ಬರು ಕೂತಿದ್ದರು. ಪ್ರೈಮರಿ ಶಾಲೆಯಲ್ಲಿ ಟೀಚರಾಗಿದ್ದು ನಿವೃತ್ತರಾದವರಂತೆ. ತೊಡೆಯ ಮೇಲೆ, ನಾವು ಪರೀಕ್ಷೆಗೆ ಒಯ್ಯುತ್ತಿದ್ದೆವಲ್ಲ, ಅಂಥದೇ ಒಂದು ಕ್ಲಿಪ್ಪಿನ ರಟ್ಟು, ಅದರ ಮೇಲೆ ಕಾರ್ಡು, ಕೈಯಲ್ಲಿ ಪೆನ್ಸಿಲ್, ರಬ್ಬರ್. ನಾನು ಬಗ್ಗಿ ಬಗ್ಗಿ ನೋಡುತ್ತಿದ್ದುದು ಕಂಡು, ಗೇಟಿಗೆ ಹೋಗಿ ಒಂದು ಕಾರ್ಡು ತಗೊಂಡು ಬಾ ಅಂದರು. ತಂದೆ. ಒಂದು ಲೋಟ ಬಿಯರಿನ ಬೆಲೆಯ ಕಾಲು ಭಾಗವೂ ಇರಲಿಲ್ಲ.

ಮೊದಲ ಎರಡು ಇನ್ನಿಂಗ್ಸ್ ಅವರು ಹೇಳಿದರು, ನಾನು ಬರೆದೆ. ಮೂರನೆಯದಕ್ಕೆ ನಾನೇ ಬರೆದೆ, ಅವರು ತಿದ್ದಿದರು. ಆಶ್ಚರ್ಯವೆಂದರೆ, ಬರೆಯಲು ಶುರು ಮಾಡಿದ ಮೇಲೆಯೇ ನನಗೆ ಆಟ ಕಾಣತೊಡಗಿತು. ಅದುವರೆಗೆ ಹಸಿರು ಬಯಲಿನಲ್ಲಿ ಬಿಳಿ ಬಟ್ಟೆಯವರು ಸುಮ್ಮನೆ ನಿಂತಿದ್ದರು. ಈಗ ಆರನೆಯವನು ಎರಡು ಹೆಜ್ಜೆ ಎಡಕ್ಕೆ ಸರಿದದ್ದು ಕಂಡಿತು, ಏಕೆ ಸರಿದ ಎಂಬುದೂ ತಿಳಿಯಿತು. ಲ್ಯಾಬಿನಲ್ಲಿಯೂ ಹೀಗೇ. ಬರೆದುಕೊಳ್ಳದ ಹುಡುಗಿ ಸ್ಲೈಡಿನಲ್ಲಿ ಅರ್ಧವನ್ನು ನೋಡಿರುವುದಿಲ್ಲ.

ಅವರ ಕಾರ್ಡಿನ ತಲೆಯ ಮೇಲೆ ಮೂರು ಸಂಗತಿ ಬರೆದಿದ್ದರು. ಒಂದು, ತಾರೀಖು. ಎರಡು, ಗಾಳಿ ಯಾವ ಕಡೆಯದು ಎಂದು. ಮಿಶಿಗನ್ ಸರೋವರ ಹತ್ತಿರವೇ ಇರುವುದರಿಂದ ಆ ಮೈದಾನದಲ್ಲಿ ಗಾಳಿಯೇ ಹತ್ತನೆಯ ಆಟಗಾರ. ಹೊರಗೆ ಬೀಸಿದರೆ ಚೆಂಡು ಗೋಡೆ ದಾಟುತ್ತದೆ, ಒಳಗೆ ಬೀಸಿದರೆ ಅದೇ ಹೊಡೆತ ಕ್ಯಾಚಾಗುತ್ತದೆ. ಮೂರನೆಯದು, ಇವತ್ತು ನನ್ನ ಪಕ್ಕದಲ್ಲಿ ಯಾರು ಕೂತಿದ್ದರು ಎಂದು. ಆ ಜಾಗ ಖಾಲಿ ಇತ್ತು. ನನ್ನ ಹೆಸರು ಕೇಳಿದರು. ಒಂದೊಂದೇ ಅಕ್ಷರ ಹೇಳಿಸಿಕೊಂಡು, ತಪ್ಪಿಲ್ಲದೆ ಬರೆದರು. "ಏಕೆ ಬರೆಯುತ್ತೀರಿ, ನಾನು ಯಾರೋ ನೀವು ಯಾರೋ" ಎಂದೆ. ಅವರು ಹೇಳಿದ್ದರ ತಾತ್ಪರ್ಯ ಇಷ್ಟು: ಆಟಗಾರರ ಹೆಸರನ್ನು ಪತ್ರಿಕೆಯವರು ಬರೆಯುತ್ತಾರೆ, ರೇಡಿಯೋದವರು ಹೇಳುತ್ತಾರೆ, ಅದು ಕಳೆದುಹೋಗುವುದಿಲ್ಲ. ಇಲ್ಲಿ ಕೂತವರ ಹೆಸರನ್ನು ನಾನು ಬರೆಯದಿದ್ದರೆ ಇನ್ನಾರು ಬರೆಯುತ್ತಾರೆ?

ಅವರ ಮನೆಯಲ್ಲಿ ಅವರ ಕೈಯಲ್ಲೇ ತುಂಬಿದ ಕಾರ್ಡುಗಳು ಬಾಲ್ಯದಿಂದ ಹಿಡಿದು ಪೆಟ್ಟಿಗೆಗಟ್ಟಲೆ ಇದ್ದವು. ಆಮೇಲೆ ಒಮ್ಮೆ ಕರೆದು ತೋರಿಸಿದರು. ಒಂದರ ಮೇಲೆ "ಅಪ್ಪ", ಇನ್ನೊಂದರ ಮೇಲೆ "ಅಪ್ಪ, ಅಣ್ಣ", ಕೆಲವು ವರ್ಷ ಬಿಟ್ಟು ಗಂಡನ ಹೆಸರು, ಆಮೇಲೆ ಮಕ್ಕಳದು, ಕೊನೆಕೊನೆಗೆ ನನ್ನಂಥ ಅಪರಿಚಿತರದು. ತಂಡ ಗೆದ್ದ ಕಾರ್ಡಿಗಿಂತ ಸೋತ ಕಾರ್ಡೇ ಹೆಚ್ಚು. ಯಾವುದನ್ನೂ ಎಸೆದಿರಲಿಲ್ಲ.

ಇಂಥ ಕಾಗದಕ್ಕೆ ಬೆಲೆ ಹೇಗೆ ಬರುತ್ತದೆ ನೋಡಿ. 1947ರ ಏಪ್ರಿಲ್ 15ರಂದು ಬ್ರೂಕ್ಲಿನ್‌ನ ಎಬೆಟ್ಸ್ ಫೀಲ್ಡಿನಲ್ಲಿ ಜಾಕಿ ರಾಬಿನ್ಸನ್ ಎಂಬ ಕಪ್ಪು ಜನಾಂಗದ ಆಟಗಾರ ಮೊದಲ ಸಲ ಮೇಜರ್ ಲೀಗಿನಲ್ಲಿ ಆಡಿದ. ಆ ಶತಮಾನದಲ್ಲಿ ಅದುವರೆಗೆ ಕಪ್ಪು ಜನರನ್ನು ಅಲ್ಲಿ ಸೇರಿಸುತ್ತಿರಲಿಲ್ಲ. ಹೊರಗಿಟ್ಟವರ ನೋವು ಏನೆಂದು ನಮ್ಮ ದೇಶದವರಿಗೆ ವಿವರಿಸಬೇಕಾಗಿಲ್ಲ. ಆ ದಿನ ಅವನ ಮೊದಲ ಸರದಿಯಲ್ಲಿ ಚೆಂಡು ಮೂರನೆಯ ಬೇಸಿನವನ ಕೈಗೆ ಹೋಗಿ ಅವನು ಔಟಾದ. ಕಾರ್ಡಿನ ಭಾಷೆಯಲ್ಲಿ 5-3, ಅಷ್ಟೇ. ಬರೆದವರಿಗೆ ಇತಿಹಾಸ ಬರೆಯುತ್ತಿದ್ದೇವೆ ಅನಿಸಿರಲಿಕ್ಕಿಲ್ಲ. ಆ ದಿನದ ಕಾರ್ಡುಗಳಿಗೆ ಈಗ ಹರಾಜಿನಲ್ಲಿ ಪೈಪೋಟಿ. ರಾಬಿನ್ಸನ್‌ನ ಸಂಖ್ಯೆ 42. ಈಗ ಪ್ರತಿ ವರ್ಷ ಏಪ್ರಿಲ್ 15ರಂದು ಎಲ್ಲ ತಂಡಗಳ ಎಲ್ಲ ಆಟಗಾರರೂ ಅವನ ಗೌರವಕ್ಕಾಗಿ 42 ಎಂದೇ ಹಾಕಿಕೊಂಡು ಆಡುತ್ತಾರೆ. ಆ ಒಂದು ದಿನ ಸ್ಟೀವನ್ಸನ ಕೂಗು ಮತ್ತೆ ನಿಜವಾಗುತ್ತದೆ. ಕಾರ್ಡಿಲ್ಲದೆ ಯಾರ ಗುರುತೂ ಹತ್ತುವುದಿಲ್ಲ.

ಇನ್ನೊಂದು ದಿನದ ಮಾತು. ಕಬ್ಸ್ ತಂಡ 1908ರಲ್ಲಿ ವರ್ಲ್ಡ್ ಸೀರೀಸ್ ಗೆದ್ದಿತ್ತು. ಆಮೇಲೆ ಗೆದ್ದದ್ದು 2016ರಲ್ಲಿ. ನೂರೆಂಟು ವರ್ಷ! ನಮ್ಮಲ್ಲಿ ನೂರೆಂಟು ಅಂದರೆ ಮಂಗಳ ಸಂಖ್ಯೆ, ಅವರಿಗೆ ಅದು ಕಾದ ವರ್ಷಗಳ ಲೆಕ್ಕ. ಆ ಅಕ್ಟೋಬರಿನಲ್ಲಿ, 1945ರ ನಂತರ ಮೊದಲ ಸಲ ರಿಗ್ಲಿ ಫೀಲ್ಡಿನಲ್ಲಿ ವರ್ಲ್ಡ್ ಸೀರೀಸಿನ ಆಟ ನಡೆದಾಗ, ಟಿಕೆಟ್ ಕೊಳ್ಳುವ ಶಕ್ತಿ ನನಗಿರಲಿಲ್ಲ. ಹೊರಗೆ ಪ್ರೋಗ್ರಾಂ ಮಾತ್ರ ಕೊಂಡು ಬಂದೆ. ಕೊನೆಯ ಆಟ ಕ್ಲೀವ್‌ಲ್ಯಾಂಡಿನಲ್ಲಿ, ನವೆಂಬರ್ 2ರ ರಾತ್ರಿ. ಒಂಬತ್ತು ಇನ್ನಿಂಗ್ಸ್ ಮುಗಿದಾಗ ಸಮ, ಅಷ್ಟರಲ್ಲಿ ಮಳೆ, ಹದಿನೇಳು ನಿಮಿಷ ಆಟ ನಿಂತಿತು, ಆಮೇಲೆ ಹತ್ತನೆಯ ಇನ್ನಿಂಗ್ಸಿನಲ್ಲಿ 8-7ರಿಂದ ಗೆದ್ದರು. ನನಗೆ ಬರೆಯಲು ಕಲಿಸಿದವರು ಅದಕ್ಕೆ ನಾಲ್ಕು ವರ್ಷ ಮೊದಲೇ ತೀರಿಕೊಂಡಿದ್ದರು.

ಅವರಂಥವರು ಆ ಊರಿನಲ್ಲಿ ಸಾವಿರಾರು ಜನ. ತಂಡ ಗೆಲ್ಲುವುದನ್ನು ಕಾದು ಕಾದು ಹೋದವರು. ಆ ದಿನಗಳಲ್ಲಿ ಜನ ಏನು ಮಾಡಿದರು ಗೊತ್ತೇ? ಬಣ್ಣದ ಸೀಮೆಸುಣ್ಣ ತಂದು ಮೈದಾನದ ಹೊರಗಿನ ಇಟ್ಟಿಗೆ ಗೋಡೆಯ ಮೇಲೆ ತೀರಿಹೋದ ತಮ್ಮವರ ಹೆಸರು ಬರೆದರು. ಅಜ್ಜನ ಹೆಸರು, ಅಮ್ಮನ ಹೆಸರು, ಪಕ್ಕದ ಮನೆಯವರ ಹೆಸರು. ಕೈಗೆಟಕುವಷ್ಟು ಎತ್ತರ ತುಂಬಿದ ಮೇಲೆ ಒಬ್ಬರ ಹೆಗಲ ಮೇಲೆ ಒಬ್ಬರು ಹತ್ತಿ ಬರೆದರು. ನಾನು ಮಗಳ ಜೊತೆ ಹೋಗಿ ಆ ಗೋಡೆಯ ಉದ್ದಕ್ಕೂ ನಡೆದೆ. ಗೆದ್ದ ಆಟಗಾರರ ಹೆಸರಿಗಿಂತ ನೋಡಿದವರ ಹೆಸರೇ ಹೆಚ್ಚಾಗಿ ಕಂಡಿತು. ಸೀಮೆಸುಣ್ಣದ ಬರಹ ಮಳೆಗೆ ಹೋಗುವಂಥದು ಎಂದು ಅವರೆಲ್ಲರಿಗೂ ಗೊತ್ತಿತ್ತು. ಆದರೂ ಬರೆದರು.

ಈಗ ಕಾಲ ಬದಲಾಗಿದೆ. 2020ರಲ್ಲಿ ಕೊರೊನಾ ಬಂದಾಗ ಆ ಋತುವಿನ ಅರವತ್ತು ಲೀಗ್ ಪಂದ್ಯಗಳೂ ಪ್ರೇಕ್ಷಕರಿಲ್ಲದೆಯೇ ನಡೆದವು. ಆಮೇಲೆ ಟಿಕೆಟ್ಟು ಮೊಬೈಲಿಗೆ ಹೋಯಿತು. ಕೆಲವು ಮೈದಾನಗಳಲ್ಲಿ ಅಚ್ಚಿನ ಪ್ರೋಗ್ರಾಂ ನಿಂತೇಹೋಗಿದೆ, ಕ್ಯೂಆರ್ ಕೋಡ್ ತೋರಿಸುತ್ತಾರೆ. ಬರೆಯುವ ಅಭ್ಯಾಸ ಇರುವವರು ಮನೆಯಿಂದಲೇ ಹಾಳೆ ಪ್ರಿಂಟ್ ಮಾಡಿ ತರುತ್ತಾರೆ. ಮೊಬೈಲಿನಲ್ಲಿ ಸ್ಕೋರು ನಮಗಿಂತ ಬೇಗ, ನಮಗಿಂತ ಸರಿಯಾಗಿ ಬರುತ್ತದೆ, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ನನ್ನ ಪಕ್ಕದಲ್ಲಿ ಯಾರು ಕೂತಿದ್ದರು ಎಂದು ಅದು ಕೇಳುವುದಿಲ್ಲ.

ಇಷ್ಟು ದೂರದ ಮಾತಾಯಿತು. ಈಗ ನಮ್ಮ ಶಾಲೆಯ ಮಾತು.

ನಿನ್ನೆ ಬೆಳಿಗ್ಗೆ ಮುಖ್ಯೋಪಾಧ್ಯಾಯರ ಕೊಠಡಿಗೆ ಹೋಗಿದ್ದೆ. ಗಾಜಿನ ಬೀರುವಿನಲ್ಲಿ ಶೀಲ್ಡುಗಳಿವೆ. ಎರಡನೆಯ ಅರೆಯಲ್ಲಿ ಒಂದು ಕಂದಿದ ಶೀಲ್ಡು. ಅದರ ಮೇಲೆ "ತಾಲ್ಲೂಕು ಮಟ್ಟದ ಖೋ ಖೋ, ಬಾಲಕಿಯರು, ಪ್ರಥಮ, 1983" ಎಂದಿದೆ. ಅಷ್ಟೇ ಇದೆ. ಆ ತಂಡದಲ್ಲಿ ನಾನಿದ್ದೆ. ಖೋ ಖೋದಲ್ಲಿಯೂ ಅಂಕಣಕ್ಕೆ ಇಳಿಯುವವರು ಒಂಬತ್ತು ಜನ: ಎಂಟು ಜನ ಚೌಕದಲ್ಲಿ ಕೂರಬೇಕು, ಒಬ್ಬಳು ಅಟ್ಟಬೇಕು. ಬೆನ್ನ ಮೇಲೆ ಸಂಖ್ಯೆ ಇರಲಿಲ್ಲ, ಲಂಗ ಎತ್ತಿ ಕಟ್ಟಿ ಬರಿಗಾಲಲ್ಲಿ ಓಡಿದೆವು. ಪಿ.ಟಿ. ಮೇಷ್ಟ್ರು ತಮ್ಮ ದುಡ್ಡಿನಲ್ಲಿ ಬಾಳೆಹಣ್ಣು, ಬನ್ನು ಕೊಡಿಸಿದರು. ಯಾರು ಎಷ್ಟು ಜನರನ್ನು ಔಟ್ ಮಾಡಿದರು ಎಂದು ಒಂದು ಹಾಳೆಯಲ್ಲಿ ಬರೆದುಕೊಂಡಿದ್ದರು. ಆ ಹಾಳೆ ಈಗ ಎಲ್ಲೂ ಇಲ್ಲ. ಮೊನ್ನೆ ನಾವು ಮೂವರು ಗೆಳತಿಯರು ಕೂತು ನೆನಪು ಮಾಡಿಕೊಂಡೆವು. ಏಳು ಹೆಸರು ಸಿಕ್ಕಿತು. ಎರಡು ಸಿಗಲಿಲ್ಲ. ನಲವತ್ತೊಂದು ವರ್ಷಕ್ಕೇ ಹೀಗಾದರೆ ನೂರು ವರ್ಷಕ್ಕೆ ಏನು ಗತಿ?

ಆ ಏಳರಲ್ಲಿ ಒಬ್ಬಳು ಅಂತಿಮ ಪಂದ್ಯದಲ್ಲಿ ಕೊನೆಯ ಎರಡು ನಿಮಿಷ ಯಾರ ಕೈಗೂ ಸಿಗದೆ ಓಡಿದಳು. ಗೆದ್ದದ್ದು ಅವಳಿಂದ. ಹತ್ತನೇ ತರಗತಿ ಮುಗಿದ ವರ್ಷವೇ ಅವಳ ಮದುವೆಯಾಯಿತು. ಮೊದಲ ಹೆರಿಗೆಯಲ್ಲಿ ತೀರಿಕೊಂಡಳು. ಆಗ ಅವಳಿಗೆ ಹದಿನೆಂಟು. ಅವಳ ಹೆಸರಿನಲ್ಲಿ ಆಸ್ತಿ ಇರಲಿಲ್ಲ, ಮತದಾರರ ಪಟ್ಟಿಯಲ್ಲಿ ಹೆಸರು ಬರುವ ವಯಸ್ಸೂ ಅವಳಿಗೆ ಆಗಿರಲಿಲ್ಲ. ಈ ಊರಿನಲ್ಲಿ ಅವಳ ಹೆಸರಿರುವುದು ನಮ್ಮ ಶಾಲೆಯ ದಾಖಲಾತಿ ಪುಸ್ತಕದ ಒಂದು ಸಾಲಿನಲ್ಲಿ ಮಾತ್ರ. ಅವಳ ತಾಯಿ ಇಲ್ಲೇ, ಮುಂದಿನ ಸಾಲಿನಲ್ಲಿ ಕೂತಿದ್ದಾರೆ. ಈ ಮಾತು ಹೇಳಲೇನಮ್ಮ ಎಂದು ನಿನ್ನೆ ಸಂಜೆ ಮನೆಗೆ ಹೋಗಿ ಕೇಳಿದೆ. "ಹೇಳವ್ವ, ಅವಳು ಆಡಿದ್ದು ನಾನು ನೋಡ್ಲೇ ಇಲ್ಲ, ಕಳೆ ಕೀಳಾಕೆ ಹೋಗಿದ್ದೆ" ಎಂದರು.

ಆದ್ದರಿಂದ ನನ್ನ ಮೂರು ಕೋರಿಕೆ. ಭಾಷಣಕ್ಕೆ ಚಪ್ಪಾಳೆ ಬೇಡ, ಇವನ್ನು ನಡೆಸಿಕೊಟ್ಟರೆ ಸಾಕು.

ಮೊದಲನೆಯದು. ಈ ಮಹೋತ್ಸವದ ಸ್ಮರಣ ಸಂಚಿಕೆ ಇನ್ನೂ ಅಚ್ಚಿಗೆ ಹೋಗಿಲ್ಲ. ಅದರ ಕೊನೆಯಲ್ಲಿ ನಾಲ್ಕು ಪುಟ ಖಾಲಿ ಬಿಡಿ, ಗೆರೆ ಮಾತ್ರ ಹಾಕಿ. ಸಂಪಾದಕರು ಒಪ್ಪಿದ್ದಾರೆ. ಸಂಚಿಕೆ ಕೈಗೆ ಬಂದ ಮೇಲೆ ಪ್ರತಿಯೊಬ್ಬರೂ ತಮ್ಮ ಪ್ರತಿಯಲ್ಲಿ ಬರೆಯಿರಿ: ಯಾವ ವರ್ಷ ಸೇರಿದೆ, ಬೆಂಚಿನಲ್ಲಿ ಪಕ್ಕ ಯಾರು ಕೂರುತ್ತಿದ್ದರು, ಯಾವ ಆಟದಲ್ಲಿದ್ದೆ, ಯಾರು ಈಗ ಇಲ್ಲ. ಓದು ಬರಹ ಬಾರದ ತಾಯಂದಿರು ಮೊಮ್ಮಕ್ಕಳ ಕೈಯಲ್ಲಿ ಬರೆಸಿ. ಅಚ್ಚಾದ ಪುಟ ಎಲ್ಲರಿಗೂ ಒಂದೇ. ಆ ನಾಲ್ಕು ಪುಟ ಮಾತ್ರ ನಿಮ್ಮದು. ಜಾಹೀರಾತನ್ನೂ ಹರಿದು ಹಾಕಬೇಡಿ. ಗೊಬ್ಬರದ ಅಂಗಡಿ, ಬಟ್ಟೆ ಅಂಗಡಿಯವರ ದುಡ್ಡಿನಿಂದಲೇ ಈ ಸಂಚಿಕೆ ಹೊರಬರುತ್ತಿದೆ. ಐವತ್ತು ವರ್ಷ ಬಿಟ್ಟು ಮಕ್ಕಳು ಮೊದಲು ಓದುವುದು ಅದನ್ನೇ.

ಎರಡನೆಯದು. ಶಾಲೆಯಲ್ಲಿ ಆಟದ್ದೇ ಒಂದು ರಿಜಿಸ್ಟರ್ ಇರಲಿ. ಕಬಡ್ಡಿ, ಖೋ ಖೋ, ವಾಲಿಬಾಲ್, ಯಾವುದೇ ಆಗಲಿ. ತಾರೀಖು, ಬಿಸಿಲೋ ಮಳೆಯೋ, ಎದುರಾಳಿ ಯಾರು, ನಮ್ಮವರ ಪೂರ್ತಿ ಹೆಸರು, ಅಂಕ. ಸೋತದ್ದನ್ನೂ ಬರೆಯಿರಿ. ಬರೆಯುವ ಕೆಲಸ ಮೇಷ್ಟ್ರುಗಳಿಗೆ ಹೊರೆಯಾಗುವುದು ಬೇಡ, ತಂಡದಲ್ಲಿ ಜಾಗ ಸಿಗದ ಮಕ್ಕಳಿಗೆ ಕೊಡಿ. ಆಡಲು ಆಗದ ಮಗುವಿಗೂ ಆಗ ಆಟದಲ್ಲಿ ಒಂದು ಜಾಗ ಸಿಗುತ್ತದೆ. ರಿಜಿಸ್ಟರಿನ ಖರ್ಚು ನಾನಿರುವವರೆಗೆ ನನ್ನದು.

ಮೂರನೆಯದು. ಪ್ರತಿ ವರ್ಷದ ಕ್ರೀಡಾ ದಿನಕ್ಕೆ ಒಂದು ಹಾಳೆಯ ಪ್ರೋಗ್ರಾಂ ಅಚ್ಚು ಹಾಕಿಸಿ. ಆಡುವ ಪ್ರತಿ ಮಗುವಿನ ಹೆಸರು ಅದರಲ್ಲಿರಲಿ, ಪಕ್ಕದಲ್ಲಿ ಖಾಲಿ ಚೌಕವಿರಲಿ. ಅದನ್ನು ಹಂಚಬೇಡಿ, ಐದು ರೂಪಾಯಿಗೆ ಮಾರಿ. ಪುಕ್ಕಟೆ ಕೊಟ್ಟ ಕರಪತ್ರ ಮಧ್ಯಾಹ್ನದೊಳಗೆ ಕಡಲೆಕಾಯಿ ಪೊಟ್ಟಣವಾಗುತ್ತದೆ, ಕಾಸು ಕೊಟ್ಟು ಕೊಂಡದ್ದನ್ನು ಜನ ಮನೆಗೆ ಒಯ್ಯುತ್ತಾರೆ. ಎಂಟನೇ ತರಗತಿಯ ಮಕ್ಕಳೇ ಗೇಟಿನಲ್ಲಿ ನಿಂತು ಕೂಗಿ ಮಾರಲಿ. ಬಂದ ದುಡ್ಡು ಆಟದ ಸಾಮಾನಿಗೆ. ತನ್ನ ಮಗಳ ಹೆಸರು ಅಚ್ಚಾಗಿರುವ ಕಾಗದವನ್ನು ಕೊಳ್ಳದ ತಾಯಿ ಈ ಊರಿನಲ್ಲಿ ಯಾರೂ ಇಲ್ಲ. ಅವತ್ತು ಒಂದು ಹೊತ್ತು ಕಳೆ ಕೀಳುವುದು ಬಿಟ್ಟು ಬಂದು ನೋಡಲಿ.

ಆ ಎರಡು ಹೆಸರು ನಿಮ್ಮಲ್ಲಿ ಯಾರಿಗಾದರೂ ಗೊತ್ತಿರಬಹುದು. 1983ರ ಖೋ ಖೋ ತಂಡ, ಬಾಲಕಿಯರು. ಊಟದ ಹೊತ್ತಿನಲ್ಲಿ ಬೇವಿನ ಮರದ ಕೆಳಗೆ ಇರುತ್ತೇನೆ, ದಯವಿಟ್ಟು ಬಂದು ಹೇಳಿ. ಒಂಬತ್ತೂ ಸಿಕ್ಕಿದರೆ ಒಂದು ಹಿತ್ತಾಳೆ ತಗಡಿನಲ್ಲಿ ಕೆತ್ತಿಸಿ ಆ ಶೀಲ್ಡಿನ ಕೆಳಗೆ ಹೊಡೆಸಲು ಮುಖ್ಯೋಪಾಧ್ಯಾಯರು ಅನುಮತಿ ಕೊಟ್ಟಿದ್ದಾರೆ. ಸಿಗದಿದ್ದರೆ ಏಳನ್ನೇ ಕೆತ್ತಿಸಿ, ಇನ್ನೆರಡಕ್ಕೆ ಜಾಗ ಬಿಡೋಣ.